ಗಾಲಿಮನೆ ಮಲಗಿಸುವ ಹೊತ್ತು

ನಮ್ಮ ಮನೆಯವರು ಪರದೆ ಒಗೆಯುವುದನ್ನು ಕಂಡ ದಿನವೇ ನನಗೆ ಅನುಮಾನ ಹುಟ್ಟಿತು. ನೀವೇ ಹೇಳಿ, ಮದುವೆಯಾದಂದಿನಿಂದ ತನ್ನ ಹೆಗಲ ಮೇಲಿನ ಬೈರಾಸನ್ನೂ ಹಿಂಡಿ ಒಣಗಿಸದ ಗಂಡಸು, ಮೇ ತಿಂಗಳ ಒಂದು ಬೆಳಿಗ್ಗೆ ಬಾವಿಕಟ್ಟೆಯ ಹತ್ತಿರ ಕುಕ್ಕರಗಾಲಲ್ಲಿ ಕುಳಿತು, ಮೊಣಕೈವರೆಗೆ ಸೋಪಿನ ನೊರೆ ಮಾಡಿಕೊಂಡು, ಗಾಲಿಮನೆಯ ಕಿಟಕಿ ಪರದೆಗಳನ್ನು ಒಂದೊಂದಾಗಿ ತಿಕ್ಕುತ್ತಿದ್ದರೆ ಯಾವ ಹೆಂಡತಿ ಸುಮ್ಮನೆ ಒಳಗೆ ಹೋಗಿ ಚಹಾ ಕಾಸಿಯಾಳು?

"ಎಂತ, ಇವತ್ ಸೂರ್ಯ ಪಡುದಿಕ್ಕಂಗೆ ಹುಟ್ಟಿದ್ನಾ?" ಎಂದು ಕೇಳಿದೆ.

"ಮಳಿ ಬಪ್ಪುಕಾಯ್ತಲೆ. ಚೊಕ್ಕ ಮಾಡಿ ಇಟ್ರೆ ಒಳ್ಳೇದಲ್ದಾ?" ಎಂದರು. ಅಂದದ್ದು ನನ್ನ ಮುಖ ನೋಡಿ ಅಲ್ಲ, ನನ್ನ ಎಡಗಿವಿ ನೋಡಿ. ಅದನ್ನೂ ನಾನು ಅವತ್ತೇ ಗಮನಿಸಿಟ್ಟುಕೊಂಡೆ.

ಗಾಲಿಮನೆ ಎಂದರೇನೆಂದು ಮೊದಲೇ ಹೇಳಿಬಿಡುತ್ತೇನೆ. ಇಲ್ಲವಾದರೆ ನೀವೂ ನಮ್ಮ ನಾವುಂದದ ಜನರ ಹಾಗೆ ಅದನ್ನು ಐಸ್‌ಕ್ರೀಮ್ ಗಾಡಿ ಎಂದುಕೊಳ್ಳುತ್ತೀರಿ. ಅದು ಪಿಕಪ್ಪಿನ ಹಿಂದೆ ಕಟ್ಟಿಕೊಂಡು ಎಳೆದೊಯ್ಯುವ ಒಂದು ಕೋಣೆಯ ಮನೆ. ಒಳಗೆ ಮಂಚ, ಒಲೆ, ಕೈತೊಳೆಯುವ ತೊಟ್ಟಿ, ಗೊಂಬೆಯಾಟದ ಫ್ರಿಜ್ಜು, ಎರಡು ಬದಿಗೂ ಕಿಟಕಿ. ಪೇಟೆಯವರು ಕ್ಯಾರವಾನ್ ಎನ್ನುತ್ತಾರಂತೆ. ಗೋಕರ್ಣದ ಹತ್ತಿರ ಮುಚ್ಚಿಹೋದ ಒಂದು ರೆಸಾರ್ಟಿನ ಗೇರುಮರದ ಕೆಳಗೆ ಬಳ್ಳಿ ಹಬ್ಬಿಸಿಕೊಂಡು ಬಿದ್ದಿತ್ತು. ಇವರು ಅದನ್ನು ಹೇಗೋ ಮಾತಾಡಿ, ಬಳ್ಳಿಯ ಸಮೇತ ಮನೆಗೆ ಎಳೆದು ತಂದರು.

ಇವರು ಹರೆಯದಿಂದಲೂ ಮೀನಿನ ಲಾರಿ ಓಡಿಸಿದವರು. ಸಂಜೆ ಐಸು ತುಂಬಿಸಿ ಹೊರಟರೆ ಬೆಳಕು ಹರಿಯುವ ಮೊದಲು ಗೋವಾದಲ್ಲೋ ಕೇರಳದಲ್ಲೋ ಮೀನು ಇಳಿಸಬೇಕು. "ಇಡೀ ಕರಾವಳಿ ತಿರ್ಗಿದೆ ಮರಾಯ್ತಿ, ಕಂಡದ್ ಮಾತ್ರ ಹೆಡ್‌ಲೈಟ್ ಬಿದ್ದಷ್ಟೇ" ಎನ್ನುತ್ತಿದ್ದರು. ಲಾರಿ ಕೆಲಸ ಬಿಟ್ಟ ಮೇಲೆ ಹಗಲಿನಲ್ಲಿ ಊರು ನೋಡಬೇಕೆಂಬ ಹುಚ್ಚು ಹಿಡಿಯಿತು. "ಇಪ್ಪು ಮನಿಯ ಹಂಚೇ ಸೋರತ್ತ್, ಇನ್ನೊಂದ್ ಮನಿಗೆ ಚಕ್ರ ಬೇರೆ" ಎಂದು ನಾನು ಬೈದೆ.

ಬೈದದ್ದು ನಿಜ. ಆದರೆ ಮೊದಲ ಸಲ ಕೊಲ್ಲೂರಿನ ಬದಿಗೆ ಹೋಗಿ ಹೊಳೆ ಹತ್ತಿರ ಗಾಡಿ ನಿಲ್ಲಿಸಿ, ಬೆಳಿಗ್ಗೆ ಕಿಟಕಿ ತೆರೆದು, ಕಾಡು ನೋಡುತ್ತಾ ಮಂಚದ ಮೇಲೇ ಕುಳಿತು ಚಹಾ ಕುಡಿದಾಗ ಏನಾಯಿತು ಗೊತ್ತೇ? ಅಳುವೇ ಬಂತು. ನನ್ನ ತಾಯಿಯೂ ನಾನೂ ಬೆಳಕಾಗುವ ಮುಂಚೆ ಮೀನಿನ ಬುಟ್ಟಿ ಹೊತ್ತು ಮೊದಲ ಬಸ್ಸಿಗೆ ಓಡಿದವರು. ಮನೆಯಿಂದ ಹೊರಟರೆ ಯಾರಾದರೊಬ್ಬರು "ಹ್ವಾಯ್, ಎಂತ ಮೀನಿತ್ತ್?" ಎಂದು ಕೂಗಬೇಕು, ನಾವು ನಿಲ್ಲಬೇಕು. ಯಾರೂ ಕೂಗದ ಜಾಗದಲ್ಲಿ ಸುಮ್ಮನೆ ಕುಳಿತಿರಬಹುದು ಎಂಬುದೇ ನನಗೆ ಗೊತ್ತಿರಲಿಲ್ಲ. ಅವತ್ತಿನಿಂದ ಆ ಡಬ್ಬದ ಮೇಲೆ ನನಗೆ ಜೀವ. ಇವರಿಗೆ ಮಾತ್ರ ಹೇಳಲಿಲ್ಲ. ತಾನು ಮಾಡಿದ್ದು ಸರಿಯಾಯಿತು ಎಂದು ಗಂಡಸರಿಗೆ ಅಷ್ಟು ಬೇಗ ಗೊತ್ತಾಗಬಾರದು.

ಇನ್ನು ನನ್ನ ಅನುಮಾನದ ವಿಷಯ. ಅದಕ್ಕೊಂದು ಮನೆತನವಿದೆ. ನನ್ನ ತಾಯಿ ಕಿವಿರು ಎತ್ತಿ ನೋಡದೆ ಯಾವ ಮೀನನ್ನೂ ನಂಬಿದವಳಲ್ಲ. ಮೀನು ಬಿಡಿ, ಐಸಿನ ತುಂಡನ್ನೂ ತಿರುಗಿಸಿ ನೋಡುತ್ತಿದ್ದಳು. ಬಸ್ಸಿನ ಕಂಡಕ್ಟರ್ ಟಿಕೆಟ್ ಹರಿದು ಕೊಟ್ಟರೆ ಅದು ಇವತ್ತಿನದ್ದೇ ಹೌದಾ ಎಂದು ಪಕ್ಕದವರಿಂದ ಓದಿಸುತ್ತಿದ್ದಳು. ದೇವಸ್ಥಾನದಲ್ಲಿ ಹಣ್ಣುಕಾಯಿ ಮಾಡಿಸಿದರೆ, ಭಟ್ಟರು ವಾಪಸು ಕೊಟ್ಟ ಕಡಿ ತನ್ನ ಕಾಯಿಯದ್ದೇ ಎಂದು ಗುರುತು ಹಿಡಿಯಲು ಮೊದಲೇ ಜುಟ್ಟಿನ ಹತ್ತಿರ ಉಗುರಿನಿಂದ ಗೀರಿಡುತ್ತಿದ್ದಳು. "ಅಮ್ಮ, ದೇವ್ರ್ ಎಂತ ಅಂದ್ಕಂಡ್ರೆ?" ಎಂದು ನಾನು ನಾಚಿಕೆಯಿಂದ ಕುಗ್ಗಿ ಪಿಸುಗುಟ್ಟಿದರೆ, "ದೇವ್ರಲ್ಲ, ನಡುವಿನವ್ರ್" ಎಂದು ನನ್ನ ಬಾಯಿ ಮುಚ್ಚಿಸುತ್ತಿದ್ದಳು.

ನನ್ನ ಮದುವೆಯ ಮಾತು ಬಂದಾಗ ಅವಳು ಮಾಡಿದ್ದನ್ನು ಕೇಳಿ. ಬುಟ್ಟಿಗೆ ಬಂಗುಡೆ ತುಂಬಿಕೊಂಡು, ಮಾರುವವಳ ಹಾಗೆ ಇವರ ಊರಿಗೆ ಹೋದಳು. ಮನೆಮನೆಯ ಜಗಲಿಯಲ್ಲಿ ಬುಟ್ಟಿ ಇಳಿಸಿ, ಮೀನಿನ ಜೊತೆ ಮಾತು ಬಿಟ್ಟು, ಹುಡುಗ ಹೇಗೆ, ಕುಡಿಯುತ್ತಾನಾ, ಅಪ್ಪನಿಗೆ ಎದುರು ಮಾತಾಡುತ್ತಾನಾ ಎಂದೆಲ್ಲ ವಿಚಾರಿಸಿಕೊಂಡು ಬಂದಳು. ಕೊನೆಗೆ ಗೊತ್ತಿಲ್ಲದೆ ಇವರ ಮನೆಗೇ ಹೋಗಿ, ಇವರ ತಾಯಿಯ ಹತ್ತಿರವೇ ಇವರ ಬಗ್ಗೆ ಕೇಳಿದಳಂತೆ! ಮನೆಗೆ ಬಂದು ಖಾಲಿ ಬುಟ್ಟಿ ಕವುಚಿ ಹಾಕಿ ಒಂದೇ ಮಾತು ಹೇಳಿದಳು: "ಹುಡ್ಗ ಅಡ್ಡಿಲ್ಲೆ. ಆದ್ರೆ ನೋವಾದ್ರೂ ಬಾಯಿ ಬಿಡುವ ಜನ ಅಲ್ಲ." ಅದು ಹೊಗಳಿಕೆಯೋ ಎಚ್ಚರಿಕೆಯೋ ಎಂದು ನನಗೆ ಆಗ ಗೊತ್ತಾಗಲಿಲ್ಲ.

ಮಳೆಗಾಲಕ್ಕೆ ಗಾಲಿಮನೆಯನ್ನು ಮಲಗಿಸುವುದು ನಮ್ಮಲ್ಲಿ ವರ್ಷಕ್ಕೊಮ್ಮೆಯ ಕೆಲಸ. ಮಲಗಿಸುವುದು ಎನ್ನುವುದು ದೋಣಿಯ ಮಾತು. ಮಳೆಗಾಲದಲ್ಲಿ ಕಡಲಿಗೆ ಇಳಿಯದ ದೋಣಿಯನ್ನು ದಡಕ್ಕೆ ಎಳೆದು ತೆಂಗಿನ ಮಡಲು ಮುಚ್ಚಿ ಇಡುತ್ತಾರಲ್ಲ, ಹಾಗೆ. ನಮ್ಮವರಿಗೆ ದೋಣಿ ಬಿಟ್ಟರೆ ಬೇರೆ ಯಾವ ವಸ್ತುವನ್ನು ಮಳೆಯಿಂದ ಕಾಯುವುದೂ ಗೊತ್ತಿಲ್ಲ. ಹಾಗಾಗಿ ಮೊದಲನೆಯ ವರ್ಷ ಇವರು ಏನು ಮಾಡಿದರೆಂದರೆ, ಗಾಲಿಮನೆಯ ನೆಲದ ಮೂಲೆಯಲ್ಲಿ ಡ್ರಿಲ್ ಹಾಕಿ ಒಂದು ತೂತು ಕೊರೆದರು.

"ಅಯ್ಯೋ ದೇವ್ರೆ, ಒಳ್ಳೆ ನೆಲಕ್ಕೆ ಎಂತಕೆ ತೂತು?" ಎಂದೆ.

"ದೋಣಿ ಮಲ್ಗಿಸುವತಿಗೆ ಬುಡದ ಬಿರಡಿ ತೆಗಿತ್ರಲೆ? ಮೇಲಿಂದ ಬಿದ್ದ ನೀರ್ ಹೋಪುಕ್ ದಾರಿ ಬೇಕಲ್ದಾ?"

ದೋಣಿಗೆ ಮೇಲೆ ಸೂರಿಲ್ಲ, ಇದಕ್ಕೆ ಸೂರಿದೆ ಎಂದು ಎಷ್ಟು ಹೇಳಿದರೂ ತಲೆಗೆ ಹೋಗಲಿಲ್ಲ. ಮೇಲಿನಿಂದ ಒಂದು ಹನಿಯೂ ಬೀಳಲಿಲ್ಲ. ಕೆಳಗಿನಿಂದ ಮಾತ್ರ ಆ ತೂತಿನ ದಾರಿಯಲ್ಲಿ ಅಂಗಳದ ಏಡಿಗಳೆಲ್ಲ ಮೇಲೆ ಹತ್ತಿ ಸಂಸಾರ ಹೂಡಿದವು. ನವರಾತ್ರಿ ಕಳೆದು ಬಾಗಿಲು ತೆರೆದಾಗ ಮಂಚದ ಕೆಳಗಿನಿಂದ ಒಂದು ದೊಡ್ಡ ಏಡಿ ಕೊಂಬು ಎತ್ತಿಕೊಂಡು ಬಂದು, ಇದು ಯಾರ ಮನೆ ಎಂದುಕೊಂಡಿದ್ದೀರಿ ಎನ್ನುವ ಹಾಗೆ ನಿಂತಿತು. ಸಾರು ಮಾಡಿದೆ ಅನ್ನಿ.

ಎರಡನೆಯ ವರ್ಷ ತೂತು ಮುಚ್ಚಿದರು. ಆದರೆ ತುಕ್ಕು ಹಿಡಿಯಬಾರದೆಂದು ತಳದ ಕಬ್ಬಿಣಕ್ಕೆಲ್ಲ ದೋಣಿಗೆ ಬಳಿಯುವ ಬೈಗೆ ಮೀನಿನ ಎಣ್ಣೆ ಬಳಿದರು. ಇಡೀ ಮಳೆಗಾಲ ಊರಿನ ಬೆಕ್ಕುಗಳು ಅದರ ಕೆಳಗೆ ಸಭೆ ಸೇರಿದವು. ಕಬ್ಬಿಣಕ್ಕೆ ಒಂದು ಚುಕ್ಕೆ ತುಕ್ಕು ಬರಲಿಲ್ಲ, ಅದನ್ನು ಒಪ್ಪಬೇಕು. ಆದರೆ ಮಳೆ ಮುಗಿದು ಕೊಲ್ಲೂರಿಗೆ ಹೋದರೆ, ನಾವು ಗಾಡಿ ನಿಲ್ಲಿಸಿದ ಕಡೆ ಮಡಿಯುಟ್ಟು ಬಂದ ಯಾತ್ರಾರ್ಥಿಗಳೆಲ್ಲ ಮೂಗು ಮುಚ್ಚಿಕೊಂಡು ಬಗ್ಗಿ ಬಗ್ಗಿ ತಮ್ಮ ತಮ್ಮ ಚಪ್ಪಲಿ ನೋಡಿಕೊಳ್ಳತೊಡಗಿದರು. ನಾನೂ ಬಗ್ಗಿ ನನ್ನ ಚಪ್ಪಲಿ ನೋಡಿಕೊಂಡೆ, ಮತ್ತೇನು ಮಾಡಲಿ!

ಇಂಥ ಮನುಷ್ಯ ಈ ಸಲ ಎಲ್ಲವನ್ನೂ ಸರಿಯಾಗಿ ಮಾಡಿದರೆ ಅನುಮಾನ ಬರುವುದಿಲ್ಲವೇ? ಪರದೆ ಒಗೆದರು. ನೀರಿನ ಟ್ಯಾಂಕು ಖಾಲಿ ಮಾಡಿ ನಲ್ಲಿಗಳನ್ನು ತೆರೆದಿಟ್ಟರು. ಬ್ಯಾಟರಿ ಬಿಚ್ಚಿದರು. ಫ್ರಿಜ್ಜಿನ ಬಾಗಿಲು ಮುಚ್ಚಿಕೊಂಡು ಬೂಸಲು ಹಿಡಿಯಬಾರದೆಂದು ಮಧ್ಯೆ ಕಟ್ಟಿಗೆಯ ತುಂಡು ಕೊಟ್ಟರು. ಇಲಿ ಬರದ ಹಾಗೆ ಗಾಳಿಕಿಂಡಿಗಳಿಗೆ ತಂತಿಬಲೆ ಹೊಡೆದರು. ಮೀನೆಣ್ಣೆಯ ಡಬ್ಬ ಅಟ್ಟದಿಂದ ಇಳಿಯಲೇ ಇಲ್ಲ, ಪೇಟೆಯಿಂದ ಗ್ರೀಸು ಬಂತು. ಕೊನೆಗೆ ಒಳಗಿದ್ದ ನನ್ನ ಚಹಾ ಪಾತ್ರೆ, ಸಕ್ಕರೆ ಡಬ್ಬ, ಎರಡು ಲೋಟ ಎಲ್ಲವನ್ನೂ ತಂದು ಅಡುಗೆಮನೆಯ ಕಟ್ಟೆಯ ಮೇಲೆ ಇಟ್ಟರು. ಯಾವ ವರ್ಷವೂ ಅವು ಹೊರಗೆ ಬಂದಿರಲಿಲ್ಲ.

ಬೇಲಿಯಾಚೆ ಇವರ ತಂಗಿ ಬೇಬಿ ಇದ್ದಾಳೆ. ಬೆಂಕಿ ಬೇಕಾದರೆ ನಮ್ಮ ಕೇರಿಯಲ್ಲಿ ಯಾರೂ ಕಡ್ಡಿಪೆಟ್ಟಿಗೆ ಹುಡುಕುವುದಿಲ್ಲ, ಬೇಬಿಯನ್ನು ಕರೆಯುತ್ತಾರೆ. ಅವಳು ಒಣಗಲು ಹಾಕಿದ ಪರದೆಗಳನ್ನು ಮುಟ್ಟಿ ನೋಡಿ, "ಅತ್ಗಿ, ನೀರ್ ಹೊಡುದ್ ಯಾವ ಮೀನಿಗೆ? ತಿಂಬ ಮೀನಿಗಾ, ಮಾರು ಮೀನಿಗಾ?" ಎಂದಳು.

"ಮಾರು ಮೀನಿಗೆ" ಎಂದೆ.

"ಹಾಂಗಾರೆ ತಿಳ್ಕಣಿ" ಎಂದು ಹೇಳಿ ತನ್ನ ದನ ಹುಡುಕಲು ಹೋದಳು.

ಆಮೇಲೆ ಎಲ್ಲವೂ ಒಂದಕ್ಕೊಂದು ಕೂಡಿಕೊಂಡಿತು. ಫೋನು ಬಂದರೆ ಇವರು ಬಾವಿಯ ಹಿಂದೆ ಹೋಗಿ ಮಾತಾಡುವರು. ಮಣಿಪಾಲಕ್ಕೆ ಹೋಗಿ ಬಂದವರು ಯಾಕೆ ಎಂದರೆ "ಗೆಳೆಯನಿಗೆ ಹುಷಾರಿಲ್ಲೆ" ಎನ್ನುವರು, ಯಾವ ಗೆಳೆಯ ಎಂದರೆ ಕೆಮ್ಮುವರು. ಎಲ್ಲಕ್ಕಿಂತ ದೊಡ್ಡ ಸಾಕ್ಷಿ ಆ ನೋಟ. ಈ ಮನುಷ್ಯ ತಿಂಗಳುಗಳಿಂದ ನನ್ನ ಮುಖಕ್ಕೆ ಮುಖ ಕೊಟ್ಟು ಮಾತಾಡುತ್ತಿಲ್ಲ. ಊಟ ಬಡಿಸಿದರೆ ನನ್ನ ಕಿವಿ ನೋಡಿ "ಸಾಕ್" ಎನ್ನುವುದು, ಏನಾದರೂ ಕೇಳಿದರೆ ಹೆಗಲಾಚೆ ನೋಡಿ ಉತ್ತರ ಕೊಡುವುದು. ಕಳ್ಳನಲ್ಲದೆ ಇನ್ಯಾರು ಹಾಗೆ ನೋಡುತ್ತಾರೆ? ನನಗೆ ಹೇಳದೆ ಕೇಳದೆ ನನ್ನ ಗಾಲಿಮನೆಯನ್ನು ಮಾರುತ್ತಿದ್ದಾರೆ ಎಂದು ನಾನು ತೀರ್ಮಾನಿಸಿದೆ. ಬಾಯಿ ಬಿಟ್ಟು ಕೇಳಲಿಲ್ಲ. ಕೇಳಿದರೆ ಎಚ್ಚರವಾಗುತ್ತಾರೆ, ಕೈಯಲ್ಲೇ ಹಿಡಿಯಬೇಕು.

ಒಂದು ದಿನ ಊಟದ ಹೊತ್ತಿಗೆ ಇವರೇ ಸುದ್ದಿ ತೆಗೆದರು. "ಈ ವರ್ಷ ಅದ್ ಇಲ್ಲಿ ಬ್ಯಾಡ. ಕೆರಾಡಿ ಚಂದ್ರನ ಶೆಡ್ಡಂಗೆ ಇಡ್ವ."

ಚಂದ್ರಣ್ಣ ಹಿಂದೆ ಇವರ ಲಾರಿಯಲ್ಲಿ ಕ್ಲೀನರ್ ಆಗಿದ್ದವನು, ಈಗ ಕೆರಾಡಿಯಲ್ಲಿ ಹೆಂಡತಿಯ ಕಡೆಯ ರಬ್ಬರ್ ತೋಟ ನೋಡಿಕೊಂಡಿದ್ದಾನೆ.

"ಕೆರಾಡಿಯಂಗೆ ನಮ್ಮಿಂದ ಜಾಸ್ತಿ ಮಳಿ ಅಲ್ದಾ?" ಎಂದೆ.

"ಮಳಿ ಇತ್ತ್. ಉಪ್ಪುಗಾಳಿ ಇಲ್ಲೆ" ಎಂದು ನನ್ನ ಕಿವಿಗೆ ಹೇಳಿದರು.

ಮಳೆಯಿಂದ ಕಾಯಲು ಹೆಚ್ಚು ಮಳೆಯ ಊರಿಗೆ ಒಯ್ಯುವ ಬುದ್ಧಿ! ನಾನು ಮೀನಿನ ಮುಳ್ಳು ಬಿಡಿಸಿದೆ.

ಚಂದ್ರಣ್ಣ ಬಸ್ಸಿನಲ್ಲಿ ಬಂದ. ಇವರು ಪಿಕಪ್ಪಿನ ಕೀಲಿಯನ್ನು ಅವನ ಕೈಗೆ ಕೊಟ್ಟರು. ಕೇಳಿ, ಒಡಹುಟ್ಟಿದ ತಮ್ಮನಿಗೂ ಸ್ಟಿಯರಿಂಗ್ ಮುಟ್ಟಲು ಬಿಡದವರು ಕೀಲಿ ಕೊಟ್ಟು, ಎಡಬದಿಯ ಸೀಟಿನ ಹತ್ತಿರ ಹೋಗಿ ನಿಂತರು. ಇನ್ನು ತಡೆಯಲಾಗಲಿಲ್ಲ. ಉಟ್ಟ ಸೀರೆಯಲ್ಲೇ ಹೋಗಿ ಇಬ್ಬರ ನಡುವೆ ಹತ್ತಿ ಕುಳಿತೆ.

"ನೀ ಎಲ್ಲಿಗೆ?" ಎಂದರು.

"ನನ್ನ ಮನಿ ಎಲ್ಲಿಗ್ ಹೋತ್ತೋ ಅಲ್ಲಿಗೆ" ಎಂದೆ.

ದಾರಿಯಲ್ಲಿ ಚಂದ್ರಣ್ಣನ ಬಾಯಿ ಬಿಡಿಸಲು ನೋಡಿದೆ. "ಚಂದ್ರಣ್ಣ, ನಿಮ್ಮ ಹೆಂಡ್ತಿಗೆ ಗಾಲಿಮನಿ ಕಂಡ್ ಖುಷಿ ಆತ್ತಾ?" ಎಂದು ಮೆತ್ತಗೆ ಕೇಳಿದೆ.

"ಅದಕ್ಕೆಂತ ಖುಷಿ ಅತ್ಗಿ, ಅದ್ ನಿಮ್ದಲ್ದಾ?" ಎಂದವನು ನನ್ನ ತಲೆಯ ಮೇಲಿನಿಂದ ಇವರ ಕಡೆ ಒಂದು ನೋಟ ಹರಿಸಿದ. ಆ ನೋಟ ಕಂಡು ನನಗೆ ಮೈಯೆಲ್ಲ ಉರಿಯಿತು.

ಶೆಡ್ಡು ಚೆನ್ನಾಗಿಯೇ ಇತ್ತು. ರಬ್ಬರ್ ಶೀಟು ಒಣಗಿಸುತ್ತಿದ್ದ ಜಾಗ, ಎತ್ತರದ ಮಾಡು, ಒಣನೆಲ. ಚಂದ್ರಣ್ಣ ಗಾಲಿಮನೆಯನ್ನು ಹಿಂದಕ್ಕೆ ತೆಗೆದು ಒಳಗೆ ನಿಲ್ಲಿಸಿದ. ಟಯರಿಗೆ ಭಾರ ಬೀಳದ ಹಾಗೆ ತಳಕ್ಕೆ ಮುರಕಲ್ಲು ಕೊಟ್ಟರು. ಇವರು ಬಾಗಿಲಿಗೆ ಬೀಗ ಹಾಕಲು ಹೋದರು. ನಾನು ಕಂಬದ ಹತ್ತಿರ ನಿಂತು ನೋಡುತ್ತಿದ್ದೆ. ಇವರ ಕೈ ಗೋಡೆ ಸವರುತ್ತಾ ಹೋಗಿ ಹಿಡಿಕೆಯನ್ನು ದಾಟಿತು, ಮತ್ತೆ ಹಿಂದೆ ಬಂತು, ಮತ್ತೆ ದಾಟಿತು. ಬೀಗ ಬಿದ್ದ ಮೇಲೆ ಕೀಲಿಯನ್ನು ಚಂದ್ರಣ್ಣನ ಅಂಗೈಯಲ್ಲಿಟ್ಟು ತಗ್ಗಿದ ದನಿಯಲ್ಲಿ, "ನಾನೇ ಬಂದ್ ಕೇಂಡ್ರೂ ಕೊಡುಕಾಗ" ಎಂದರು.

ಇನ್ನೆಲ್ಲಿಯ ತಾಳ್ಮೆ! "ಮಾರಿದ್ರ್ಯಾ? ನಂಗೆ ಒಂದ್ ಮಾತ್ ಹೇಳ್ದೆ ಮಾರಿದ್ರ್ಯಾ?" ಎಂದು ಕಿರುಚಿದೆ. ತೋಟದಲ್ಲಿದ್ದ ಹಕ್ಕಿಗಳೂ ಹಾರಿರಬೇಕು.

ಇವರು ತಬ್ಬಿಬ್ಬಾಗಿ ತಿರುಗಿದರು. "ಮಾರುದಾ? ಇಲ್ಲೆ ಮರಾಯ್ತಿ. ಅಡ್ಗಿಸಿ ಇಟ್ಟದ್."

"ಯಾರಿಂದ?"

"ನನ್ನಿಂದ."

ಚಂದ್ರಣ್ಣ ಮೆಲ್ಲಗೆ ಹೊರಗೆ ಹೋಗಿ ಮಳೆ ಬಂತೋ ಎಂದು ಆಕಾಶ ನೋಡತೊಡಗಿದ. ಇವರು ಮುರಕಲ್ಲಿನ ಮೇಲೆ ಕುಳಿತು ಹೇಳಿದರು. ಕೊನೆಯ ಸಲ ಕೊಲ್ಲೂರಿನಿಂದ ಬರುವಾಗ ತಿರುವಿನಲ್ಲಿ ಗಕ್ಕನೆ ಬ್ರೇಕು ಹಾಕಿದ್ದರು, ನನಗೆ ನೆನಪಿತ್ತು. ನಾಯಿ ಅಡ್ಡ ಬಂತು ಎಂದಿದ್ದರು. "ನಾಯಿ ಅಲ್ಲ. ಸೈಕಲ್. ಚಕ್ರ ಕಂಡಿತ್, ಮೇಲ್ ಕೂತ ಜನ ಕಾಣ್ಲಿಲ್ಲೆ." ಮಣಿಪಾಲದಲ್ಲಿ ಡಾಕ್ಟರು ನೋಡಿ ಹೇಳಿದರಂತೆ, ಎರಡೂ ಕಣ್ಣಿನ ನಡುಭಾಗ ಸವೆದಿದೆ, ಅಂಚು ಉಳಿದಿದೆ, ಇನ್ನು ಗಾಡಿ ಓಡಿಸುವ ಹಾಗಿಲ್ಲ. "ಅದ್ ನಮ್ಮ ಅಂಗ್ಳದಗೆ ನಿಂತಿದ್ರೆ ಮಳಿ ಬಿಟ್ಟದ್ದೇ ನಾ ಹೊರಡ್ತೆ. ನಂಗೆ ನನ್ನ ಗೊತ್ತಿತ್ತ್. ಸಮಾ ಕಾಂತ್ ಅಂತ ನಿಂಗೆ ಸುಳ್ಳ್ ಹೇಳಿ ಹೊರಡ್ತೆ. ಪಕ್ಕದಗೆ ನೀ ಕೂಕಂಡಿರ್ತಿ."

"ಮತ್ತೆ ನನ್ನ ಕೆಮಿಯಂಗೆ ಎಂತ ಇತ್ತ್? ಯಾವಾಗ ಕಂಡ್ರೂ ಕೆಮಿ ಕಾಂತ್ರಿ."

"ಮುಖ ಕಾಂಬುಕ್ ಹೋರೆ ಅಲ್ಲಿ ಮುಖ ಇರುದಿಲ್ಲೆ, ಬರೀ ಕಪ್ಪ್. ಕೆಮಿ ಬದಿ ಕಂಡ್ರೆ ಮುಖ ಬತ್ತ್" ಎಂದರು, ಹಾಗೆ ನನ್ನ ಕಿವಿಯನ್ನೇ ನೋಡುತ್ತಾ.

ನನ್ನ ದೊಡ್ಡ ಸಾಕ್ಷಿ! ತಿಂಗಳುಗಟ್ಟಲೆ ಇವರು ನನ್ನನ್ನು ನೋಡಲು ಪಾಡುಪಟ್ಟದ್ದನ್ನೇ ನಾನು ಕಳ್ಳನೋಟ ಎಂದು ಲೆಕ್ಕ ಹಾಕಿದ್ದೆ. ಮಾರಿದ್ದರೇ ಚೆನ್ನಾಗಿತ್ತು ಅನ್ನಿಸಿತು. ಹೆದರಿಕೆಯಾಯಿತು, ಸಂಕಟವಾಯಿತು, ಇಷ್ಟೂ ದಿನ ಒಬ್ಬರೇ ನುಂಗಿಕೊಂಡಿದ್ದಾರಲ್ಲ ಎಂದು ಕೆಟ್ಟ ಸಿಟ್ಟೂ ಬಂತು. "ನಾನೆಂತ ಸತ್ತಿದ್ನಾ? ಹೇಳುಕ್ ಬಾಯಿ ಇರ್ಲಿಲ್ಯಾ? ಬಾಯಿಯ ನಡುವೂ ಸವ್ದಿತ್ತಾ?" ಎಂದು ಬೈದು, ಬೈಯುತ್ತಲೇ ಪಕ್ಕದ ಕಲ್ಲಿನ ಮೇಲೆ ಕುಳಿತು ಅತ್ತೆ. ಇವರು ಅಂದಾಜಿನ ಮೇಲೆ ಕೈ ಚಾಚಿ ನನ್ನ ಹೆಗಲು ಸಿಕ್ಕಿದ ಮೇಲೆ ಅಲ್ಲೇ ಇಟ್ಟರು.

ಅತ್ತು ಮುಗಿದ ಮೇಲೆ ಎದ್ದು ಹೊರಗೆ ಬಂದು, "ಚಂದ್ರಣ್ಣ, ಕೀಲಿ ತನ್ನಿ" ಎಂದೆ.

ಅವನು ತಲೆ ಕೆರೆದುಕೊಂಡ. "ಅಣ್ಣ ಕೇಂಡ್ರೆ ಕೊಡುಕಾಗ ಅಂತ ಹೇಳಿರ್. ಅತ್ಗಿ ಕೇಂಡ್ರೆ ಅಂತ ಎಂತದೂ ಹೇಳ್ಲಿಲ್ಲೆ" ಎಂದು ಕೊಟ್ಟುಬಿಟ್ಟ. ಗಾಲಿಮನೆ ಅಲ್ಲಿಯೇ ಉಳಿಯಿತು. ಉಪ್ಪುಗಾಳಿಯ ಮಾತು ಹೇಗೂ ಸುಳ್ಳಲ್ಲ. ಚಂದ್ರಣ್ಣ ಪಿಕಪ್ಪಿನಲ್ಲಿ ನಮ್ಮನ್ನು ನಾವುಂದಕ್ಕೆ ಮುಟ್ಟಿಸಿದ, ಗಾಲಿಮನೆಯ ಕೀಲಿ ಮಾತ್ರ ನನ್ನ ಸೊಂಟದಲ್ಲಿ ಬಂತು.

ಅಂಚು ಉಳಿಯುತ್ತದೆ ಎಂಬ ಮಾತನ್ನೂ ನಾನು ನಂಬಲಿಲ್ಲ. ನನ್ನನ್ನು ಸಮಾಧಾನ ಮಾಡಲು ಹೇಳಿದ್ದಿರಬಹುದಲ್ಲ? ಮಣಿಪಾಲಕ್ಕೆ ಜೊತೆಗೆ ಹೋಗಿ, ಅದೇ ಪ್ರಶ್ನೆಯನ್ನು ತಿರುಗಿಸಿ ಮುರುಗಿಸಿ ಡಾಕ್ಟರಿಗೆ ಕೇಳಿದೆ. "ಅಮ್ಮ, ಪೂರ್ತಿ ಕತ್ತಲೆ ಆಗುವುದಿಲ್ಲ, ಬದಿಯ ನೋಟ ಇರುತ್ತದೆ. ಎಷ್ಟು ಸಲ ಹೇಳಲಿ?" ಎಂದರು. ಇನ್ನೊಂದು ಸಲ ಹೇಳಿ ಎಂದೆ.

ಅಲ್ಲಿಂದ ಬಂದವಳೇ ಬೈಂದೂರಿನಲ್ಲಿ ಡ್ರೈವಿಂಗ್ ಕಲಿಯಲು ಸೇರಿದೆ. ಬೇಬಿ ಬೇಲಿಗೆ ಒರಗಿ ನಕ್ಕದ್ದೇ ನಕ್ಕದ್ದು. ಕಲಿಸುವವನ ಪಾಡು ಬೇಡ. ದೂರದಲ್ಲಿ ಬಸ್ಸು ಕಂಡರೆ ನಾನು ರಸ್ತೆ ಬಿಟ್ಟು ಇಳಿಸುತ್ತಿದ್ದೆ, ನಿಂತ ರಿಕ್ಷಾ ಕಂಡರೂ ಅದು ಯಾವಾಗ ಹಾರುತ್ತದೋ ಎಂದು ಕಾಯುತ್ತಿದ್ದೆ. "ಅಕ್ಕಾ, ಎದ್ರಿಗ್ ಬಪ್ಪುವನ್ ಸಮಾ ಬತ್ತ ಅಂತ ಒಂಚೂರ್ ನಂಬಿ" ಎಂದು ಬೇಡಿಕೊಂಡ. "ಎಂತಕೆ ನಂಬುಕ್? ಅವ ನನ್ನ ನೆಂಟನಾ?" ಎಂದೆ. "ಹಾಂಗಾರೆ ನಿಮ್ಗೆ ಆಕ್ಸಿಡೆಂಟ್ ಆಪುದಿಲ್ಲೆ. ಆದ್ರೆ ಹೋಪು ಜಾಗ ಮುಟ್ತ್ರಿ ಅಂತ ನಾ ಹೇಳ್ತಿಲ್ಲೆ" ಎಂದ. ಮಳೆಗಾಲ ಮುಗಿಯುವಷ್ಟರಲ್ಲಿ ಲೈಸೆನ್ಸು ಕೈಗೆ ಬಂತು. ಅದರ ಮೇಲಿನ ಫೋಟೋ ನನ್ನದೇ ಎಂದು ಖಾತ್ರಿ ಮಾಡಿಕೊಂಡೆ.

ನವರಾತ್ರಿಯ ಜನಸಂದಣಿ ಕರಗಿದ ಮೇಲೆ ಪಿಕಪ್ಪು ಓಡಿಸಿಕೊಂಡು ಕೆರಾಡಿಗೆ ಹೋದೆವು. ಬಾಗಿಲು ತೆರೆದರೆ ಏಡಿಯಿಲ್ಲ, ಬೂಸಲಿಲ್ಲ, ಪರದೆಯಲ್ಲಿ ಇನ್ನೂ ಸೋಪಿನ ಪರಿಮಳ. ಚಂದ್ರಣ್ಣ ಗಾಲಿಮನೆಯನ್ನು ಪಿಕಪ್ಪಿಗೆ ಸಿಕ್ಕಿಸಿ, ಸರಪಳಿ ಎಳೆದು ನೋಡಿದ. ಅವನು ನೋಡಿದ ಮೇಲೆ ನಾನೂ ಎಳೆದು ನೋಡಿದೆ.

ಕೊಲ್ಲೂರಿನ ದಾರಿ ಹಿಡಿದೆವು. ಬೆಳಗಿನ ಬಿಸಿಲು, ಎರಡೂ ಕಡೆ ಕಾಡು, ಹಿಂದೆ ಇಡೀ ಮನೆಯ ಭಾರ. ಎದುರಿಗೆ ಒಂದು ಎಲೆ ಹಾರಿದರೂ ನಾನು ಬ್ರೇಕು ಮುಟ್ಟುತ್ತಿದ್ದೆ. ಎಡಗಡೆ ಇವರು ಬೆನ್ನು ನೆಟ್ಟಗೆ ಮಾಡಿ, ಕತ್ತು ಒಂದಿಷ್ಟೂ ಅಲುಗಿಸದೆ, ಗಾಜಿನಾಚೆಯ ರಸ್ತೆಯನ್ನೇ ನೋಡುತ್ತಿದ್ದರು. ತಿರುವು ಬಂದರೂ ಅದೇ ನೋಟ, ಹೊಂಡ ಬಂದರೂ ಅದೇ ನೋಟ. ನನಗೆ ಮತ್ತೆ ಅನುಮಾನ ಶುರುವಾಯಿತು. ನನಗೆ ಧೈರ್ಯ ಬರಲಿ ಎಂದು ಕಾಣುವವರ ಹಾಗೆ ನಾಟಕ ಮಾಡುತ್ತಿದ್ದಾರಾ? ಇಲ್ಲವೇ ನನ್ನ ಮೇಲೆ ನಂಬಿಕೆಯಿಲ್ಲದೆ ಕಾವಲು ಕುಳಿತಿದ್ದಾರಾ?

"ರಸ್ತಿ ಕಾಂತಾ ನಿಮ್ಗೆ?" ಎಂದೆ.

"ಇಲ್ಲೆ."

"ಮತ್ತೆ ಎಂತಕೆ ಹಾಂಗೆ ಕಣ್ಣ್ ಬಿಟ್ಕಂಡ್ ಎದ್ರಿಗೇ ಕಾಂತಾ ಕೂತದ್?"

"ಎದ್ರಿಗ್ ಕಂಡ್ರೆ ಈ ಬದಿಯಗೆ ನೀ ಸಮಾ ಕಾಣ್ತಿ" ಎಂದರು.

ನಾನು ತಿರುಗಿ ಅವರನ್ನು ನೋಡುವ ಹಾಗಿರಲಿಲ್ಲ, ಎದುರಿನಿಂದ ಬಸ್ಸು ಬರುತ್ತಿತ್ತು.